ಗೋಮಾಳದಲ್ಲಿ ಬ್ಯಾಚಿಂಗ್ ಪ್ಲಾಂಟ್: 'ತೋರಿಸಲಾಗಿದೆ' ಎಂಬ ಒಂದು ಪದದ ಸುತ್ತ

ನನ್ನ ಕಚೇರಿಯ ಕಪಾಟಿನಲ್ಲಿ, ಮುಗಿದ ಪ್ರಕರಣಗಳ ಸಾಲಿನಲ್ಲಿರುವ ಒಂದು ಕಡತದ ಮೊದಲ ಹಾಳೆ, ರಸ್ತೆ ಕಾಮಗಾರಿ ನಡೆಸುವ ಇಲಾಖೆಯ ಉಪವಿಭಾಗವೊಂದರಿಂದ ಹೊರಟ ಅರ್ಧ ಪುಟದ ಜ್ಞಾಪನ. ಬಯಲುಸೀಮೆಯ ಒಂದು ತಾಲ್ಲೂಕಿನಲ್ಲಿ ರಾಜ್ಯ ಹೆದ್ದಾರಿಯ ಅಗಲೀಕರಣದ ಟೆಂಡರ್ ಪಡೆದ ಗುತ್ತಿಗೆದಾರರಿಗೆ, ಯಾವ ಕಿಲೋಮೀಟರ್ ಕಲ್ಲಿನಿಂದ ಯಾವ ಕಲ್ಲಿನವರೆಗೆ ರಸ್ತೆಯನ್ನು ವಹಿಸಿಕೊಡಲಾಯಿತು ಎಂಬುದನ್ನು ಅದು ಕರಾರುವಾಕ್ಕಾಗಿಯೇ ಹೇಳುತ್ತದೆ. ಕೊನೆಯ ಸಾಲಿಗೆ ಬಂದಾಗ ಮಾತ್ರ ಅದರ ಧಾಟಿ ಬದಲಾಗುತ್ತದೆ: 'ಕ್ಯಾಂಪ್ ಮತ್ತು ಪ್ಲಾಂಟ್ ಸಲುವಾಗಿ ಗ್ರಾಮದ ಸರ್ಕಾರಿ ಜಾಗವನ್ನು ಸ್ಥಳದಲ್ಲಿ ತೋರಿಸಲಾಗಿದೆ.' ಸರ್ವೆ ನಂಬರ್ ಇಲ್ಲ, ವಿಸ್ತೀರ್ಣವಿಲ್ಲ, ಚಕ್ಕುಬಂದಿ ಇಲ್ಲ, ಎಷ್ಟು ತಿಂಗಳಿಗೆ ಎಂಬ ಮಾತಿಲ್ಲ. ಆ ಒಂದು ಸಾಲನ್ನು ನಂಬಿ ಗುತ್ತಿಗೆದಾರರು ಎರಡು ಎಕರೆ ಹತ್ತು ಗುಂಟೆ ನೆಲದ ಮೇಲೆ ಕಾಂಕ್ರೀಟ್ ಕಲಸುವ ಬ್ಯಾಚಿಂಗ್ ಪ್ಲಾಂಟ್, ಸಿಮೆಂಟ್ ತುಂಬಿಡುವ ಸೈಲೊ, ಜಲ್ಲಿ ಮತ್ತು ಎಂ-ಸ್ಯಾಂಡ್ ರಾಶಿ, ಡೀಸೆಲ್ ಟ್ಯಾಂಕು, ನಲವತ್ತು ಮಂದಿ ಕೂಲಿಕಾರರ ತಗಡಿನ ಶೆಡ್ಡುಗಳು, ಇಷ್ಟನ್ನೂ ಎಬ್ಬಿಸಿ ನಿಲ್ಲಿಸಿದರು. ಆ ಸಾಲಿನ ಅರ್ಥವೇನೆಂದು ನಾವು ನಾಲ್ಕು ವರ್ಷ ವಾದಿಸಿದೆವು.

ನಾನು ಗುತ್ತಿಗೆದಾರರ ಪರ ವಕೀಲನಾಗಿದ್ದೆ. ಅದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು; ಏಕೆಂದರೆ ಈ ಬರಹದಲ್ಲಿ ನನ್ನ ಕಕ್ಷಿದಾರರ ವಿರುದ್ಧವೂ ಕೆಲವು ಮಾತುಗಳಿವೆ, ನಾನೇ ಮಂಡಿಸಿದ ವಾದಗಳ ವಿರುದ್ಧ ಇನ್ನೂ ಹೆಚ್ಚಿವೆ. ಅದಕ್ಕೂ ಮುಂಚೆ ಮತ್ತು ಆಮೇಲೆ ಇದೇ ಬಗೆಯ ಏಳೆಂಟು ವ್ಯಾಜ್ಯಗಳಲ್ಲಿ ಕೆಲವೊಮ್ಮೆ ಗುತ್ತಿಗೆದಾರರ ಪರವಾಗಿ, ಕೆಲವೊಮ್ಮೆ ಗ್ರಾಮ ಪಂಚಾಯಿತಿಯ ಪರವಾಗಿ ನಿಂತಿದ್ದೇನೆ. ಯಾವ ಬದಿಯಲ್ಲಿ ನಿಂತರೂ ಕಡತ ಬಿಚ್ಚಿದಾಗ ಎದುರಾಗುವ ಪ್ರಶ್ನೆ ಒಂದೇ: ಜಾಗವನ್ನು ಕೊಟ್ಟವರು ಯಾರು, ಮತ್ತು ಕೊಡಲು ಅದು ಅವರದಾಗಿತ್ತೆ?

'ಸರ್ಕಾರಿ ಜಾಗ' ಎಂಬ ಮಾತು ಕೇಳುವುದಕ್ಕೆ ಒಂದೇ ಯಜಮಾನನ ಆಸ್ತಿಯಂತೆ ಕೇಳಿಸುತ್ತದೆ. ಪಹಣಿ ಮತ್ತು ಗ್ರಾಮ ನಕ್ಷೆಯನ್ನು ಎದುರಿಗಿಟ್ಟುಕೊಂಡು ಕುಳಿತರೆ ಹಾಗಿಲ್ಲವೆಂದು ತಿಳಿಯುತ್ತದೆ. ರಸ್ತೆಯ ಅಗಲದಷ್ಟು ಪಟ್ಟಿ ರಸ್ತೆ ಇಲಾಖೆಯದು. ಅದರ ಪಕ್ಕದ ಗೋಮಾಳ ಕಂದಾಯ ಇಲಾಖೆಯದು. ಕೆರೆಯಂಗಳ ಸಣ್ಣ ನೀರಾವರಿಯದೋ ಪಂಚಾಯಿತಿಯದೋ ಎಂಬುದು ಅಚ್ಚುಕಟ್ಟಿನ ವಿಸ್ತೀರ್ಣದ ಮೇಲೆ ನಿಲ್ಲುತ್ತದೆ. ಕುರುಚಲು ಕಾಡು ಬೆಳೆದ ಗುಡ್ಡ ಕಂದಾಯ ದಾಖಲೆಯಲ್ಲಿ ಏನೆಂದೇ ಬರೆದಿರಲಿ, 1996ರ ಡಿಸೆಂಬರ್ 12ರಂದು ಗೋದಾವರ್ಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮಾಡಿದ ಆದೇಶದ ನಂತರ ಅರಣ್ಯವೆಂದು ಎಣಿಕೆಯಾಗಬಹುದು. ಹಾಗಾದರೆ ಕೇಂದ್ರದ ಒಪ್ಪಿಗೆ ಇಲ್ಲದೆ ಅಲ್ಲಿ ಒಂದು ಟಿಪ್ಪರ್ ಮಣ್ಣು ಸುರಿಯುವುದಕ್ಕೂ ಬರುವುದಿಲ್ಲ. ಇವೆಲ್ಲದರ ನಡುವೆ ಖಾಸಗಿ ಜಮೀನಿನ ಹೊಟ್ಟೆಯೊಳಗೇ 'ಬಿ' ಖರಾಬು ಇರುತ್ತದೆ. 1966ರ ಕರ್ನಾಟಕ ಭೂ ಕಂದಾಯ ನಿಯಮಗಳ 21(2)ನೇ ನಿಯಮ ಖರಾಬನ್ನು ಎರಡಾಗಿ ಒಡೆಯುತ್ತದೆ. ಉಳುಮೆಗೆ ಬಾರದ ಬಂಡೆ, ದಿಣ್ಣೆಗಳು 'ಎ'. ದಾರಿ, ಹಳ್ಳ, ಕೆರೆ, ಸ್ಮಶಾನದಂತಹ ಸಾರ್ವಜನಿಕ ಉದ್ದೇಶಕ್ಕೆ ಬಿಟ್ಟದ್ದು 'ಬಿ'. ಗುತ್ತಿಗೆದಾರರು ರೈತರಿಂದ ಬಾಡಿಗೆ ಕರಾರು ಬರೆಸಿಕೊಂಡು ಹಾಕಿದ ಕ್ಯಾಂಪು ಕೂಡ ಎಷ್ಟೋ ಸಲ ಈ 'ಬಿ' ಖರಾಬಿನ ಹಳ್ಳದ ಮೇಲೆ ಅರ್ಧ ಕಾಲಿಟ್ಟಿರುತ್ತದೆ. ಹದ್ದುಬಸ್ತು, ಅಂದರೆ ಗಡಿಯ ಅಳತೆ, ಮಾಡಿಸಿದ ದಿನವೇ ಅದು ಇಬ್ಬರಿಗೂ ಗೊತ್ತಾಗುವುದು.

ನಮ್ಮ ಪ್ರಕರಣದಲ್ಲಿ ತೋರಿಸಿದ ಜಾಗ ಗೋಮಾಳ. ಗೋಮಾಳವೆಂದರೆ ಯಾರದೂ ಅಲ್ಲದ ಬೀಳು ನೆಲವೆಂದು ಪೇಟೆಯಿಂದ ಬಂದ ಸೈಟ್ ಇಂಜಿನಿಯರುಗಳು ತಿಳಿದಿರುತ್ತಾರೆ. ಅದೇ ನಿಯಮಾವಳಿಯ 97ನೇ ನಿಯಮದ ಪ್ರಕಾರ ಊರಿನ ಪ್ರತಿ ನೂರು ದನಗಳಿಗೆ 30 ಎಕರೆಯಂತೆ ಲೆಕ್ಕ ಹಾಕಿ ಬಿಟ್ಟ ಮೇವಿನ ನೆಲ ಅದು. 1964ರ ಭೂ ಕಂದಾಯ ಕಾಯ್ದೆಯ 71ನೇ ಕಲಮಿನಂತೆ ಹೀಗೆ ಒಂದು ಉದ್ದೇಶಕ್ಕೆ ಕಾಯ್ದಿರಿಸಿದ ಜಮೀನನ್ನು ಜಿಲ್ಲಾಧಿಕಾರಿಯ ಮಂಜೂರಾತಿ ಇಲ್ಲದೆ ಬೇರೆ ಉದ್ದೇಶಕ್ಕೆ ಬಳಸುವಂತಿಲ್ಲ. ಜ್ಞಾಪನಕ್ಕೆ ಸಹಿ ಹಾಕಿದ ಸಹಾಯಕ ಕಾರ್ಯಪಾಲಕ ಇಂಜಿನಿಯರಿಗೆ ಆ ನೆಲದ ಮೇಲೆ ಯಾವ ಅಧಿಕಾರವೂ ಇರಲಿಲ್ಲ. ಅವರು ಕೆಟ್ಟ ಮನಸ್ಸಿನಿಂದ ಹಾಗೆ ಬರೆದರೆಂದು ನನಗೆ ಇಂದಿಗೂ ಅನ್ನಿಸುವುದಿಲ್ಲ. ಕೆಲಸ ಬೇಗ ಶುರುವಾಗಲೆಂದು, ಜೀಪಿನಿಂದಿಳಿದು ಕೈ ಮಾಡಿ ತೋರಿಸಿದ್ದನ್ನೇ ಕಚೇರಿಗೆ ಬಂದು ಬರೆದಿದ್ದಾರೆ. 'ಕೊಡಲಾಗಿದೆ' ಎಂದು ಬರೆಯದೆ 'ತೋರಿಸಲಾಗಿದೆ' ಎಂದು ಬರೆಯುವಷ್ಟು ಎಚ್ಚರವೂ ಅವರಿಗಿತ್ತು ಎಂಬುದು ಎದುರು ವಕೀಲರು ಪಾಟೀಸವಾಲಿನಲ್ಲಿ ಅದನ್ನು ಎತ್ತಿ ಆಡುವವರೆಗೆ ನನಗೂ ಹೊಳೆದಿರಲಿಲ್ಲ.

ಕಾನೂನಿನ ಭಾಷೆಯಲ್ಲಿ ಗುತ್ತಿಗೆದಾರರಿಗೆ ಸಿಗುವ ಸೈಟು ಭೋಗ್ಯವೂ ಅಲ್ಲ, ಬಾಡಿಗೆಯೂ ಅಲ್ಲ. ಬರೀ ಲೈಸೆನ್ಸ್, ಅಂದರೆ ಪರವಾನಗಿ. 1882ರ ಈಸ್‌ಮೆಂಟ್ಸ್ ಕಾಯ್ದೆಯ 52ನೇ ಕಲಂ ಇದರ ವ್ಯಾಖ್ಯೆ ಕೊಡುತ್ತದೆ: ಇಲ್ಲದಿದ್ದರೆ ಕಾನೂನುಬಾಹಿರವಾಗುತ್ತಿದ್ದ ಒಂದು ಕೃತ್ಯವನ್ನು ಬೇರೊಬ್ಬರ ನೆಲದ ಮೇಲೆ ಮಾಡುವುದಕ್ಕೆ ಸಿಕ್ಕ ಅನುಮತಿ, ಅಷ್ಟೇ; ನೆಲದಲ್ಲಿ ಹಿತಾಸಕ್ತಿ ಹುಟ್ಟುವುದಿಲ್ಲ. ಕಾಗದದ ತಲೆಯಲ್ಲಿ ಏನೆಂದು ಬರೆದಿದೆ ಎಂಬುದಕ್ಕಿಂತ ಒಳಗಿನ ತಿರುಳೇ ಮುಖ್ಯವೆಂದು ಸುಪ್ರೀಂ ಕೋರ್ಟ್ 1959ರಲ್ಲಿಯೇ ಅಸೋಸಿಯೇಟೆಡ್ ಹೋಟೆಲ್ಸ್ ಪ್ರಕರಣದಲ್ಲಿ ಹೇಳಿದೆ. ಆದರೆ ಇಂತಹ ವ್ಯಾಜ್ಯಗಳಲ್ಲಿ ನಿರ್ಣಾಯಕವಾಗುವುದು 52ನೆಯದಲ್ಲ, ಯಾರೂ ಓದದೆ ದಾಟಿಹೋಗುವ 53ನೆಯದು. ಒಬ್ಬರು ತಮ್ಮ ಸ್ವತ್ತಿನ ಹಿತಾಸಕ್ತಿಯನ್ನು ಎಷ್ಟರ ಮಟ್ಟಿಗೆ ವರ್ಗಾಯಿಸಬಲ್ಲರೋ ಅಷ್ಟರ ಮಟ್ಟಿಗೆ ಮಾತ್ರ ಲೈಸೆನ್ಸ್ ಕೊಡಬಲ್ಲರು ಎನ್ನುತ್ತದೆ ಅದು. ಇಂಜಿನಿಯರಿಗೆ ಗೋಮಾಳದಲ್ಲಿ ವರ್ಗಾಯಿಸಬಹುದಾದ ಎಳ್ಳಷ್ಟೂ ಇಲ್ಲವಾದ್ದರಿಂದ ಅವರು ಕೊಟ್ಟ ಅನುಮತಿಯೂ ಎಳ್ಳಷ್ಟೂ ಇಲ್ಲ. ರಸ್ತೆಯೊಳಗೆ ನನ್ನ ಕಕ್ಷಿದಾರರು ಲೈಸೆನ್ಸುದಾರರು. ರಸ್ತೆಯಂಚಿನ ಕಲ್ಲು ದಾಟಿ ಹತ್ತು ಹೆಜ್ಜೆ ಇಟ್ಟ ಕೂಡಲೇ ಒತ್ತುವರಿದಾರರು.

ಅವರ ಬಳಿ ಇನ್ನೊಂದು ಕಾಗದವಿತ್ತು: ಗ್ರಾಮ ಪಂಚಾಯಿತಿಯ ಠರಾವು. ಪ್ರಾಥಮಿಕ ಶಾಲೆಯ ಕಾಂಪೌಂಡ್ ಗೋಡೆಯನ್ನು ಗುತ್ತಿಗೆದಾರರು ಸ್ವಂತ ಖರ್ಚಿನಲ್ಲಿ ಕಟ್ಟಿಸಿಕೊಡುವುದಕ್ಕೆ ಪ್ರತಿಯಾಗಿ, ರಸ್ತೆ ಮುಗಿಯುವವರೆಗೆ ಪ್ಲಾಂಟ್ ಹಾಕಿಕೊಳ್ಳಲು ಪಂಚಾಯಿತಿಯ ಅಭ್ಯಂತರವಿಲ್ಲ ಎಂಬುದು ಅದರ ಸಾರ. ಗೋಡೆ ನಿಜವಾಗಿಯೂ ಎದ್ದಿತು, ಸುಣ್ಣ ಬಣ್ಣವೂ ಆಯಿತು. ಆದರೆ ಗೋಮಾಳ ಪಂಚಾಯಿತಿಯ ಸ್ವತ್ತಲ್ಲ. ಊರಿನ ದನಗಳು ಅಲ್ಲಿ ಮೇಯುತ್ತವೆ ಎಂಬ ಮಾತ್ರಕ್ಕೆ ಊರಿನ ಸದಸ್ಯರು ಅದನ್ನು ಒಪ್ಪಿಸಿಕೊಡಲಾರರು. ಇದನ್ನು ಅರ್ಥ ಮಾಡಿಸಲು ಹೋದಾಗ ನನ್ನ ಕಕ್ಷಿದಾರರು, 'ಸಾರ್, ಇಂಜಿನಿಯರ್ ಹೇಳವ್ರೆ, ಪಂಚಾಯ್ತಿ ಹೇಳೈತೆ, ಇನ್ಯಾರನ್ನ ಕೇಳ್ಬೇಕಿತ್ತು?' ಎಂದು ಕೇಳಿದ್ದು ನ್ಯಾಯವಾಗಿಯೇ ಇತ್ತು. ಕೇಳಬೇಕಾಗಿದ್ದದ್ದು ತಹಶೀಲ್ದಾರರ ಮೂಲಕ ಜಿಲ್ಲಾಧಿಕಾರಿಯನ್ನು. ಆ ಅರ್ಜಿ ವಿಲೇವಾರಿಯಾಗುವ ಹೊತ್ತಿಗೆ ಹದಿನೆಂಟು ತಿಂಗಳ ಕಾಮಗಾರಿ ಅವಧಿಯಲ್ಲಿ ಎಷ್ಟು ಉಳಿದಿರುತ್ತಿತ್ತು ಎಂಬುದು ಬೇರೆ ಮಾತು. ಅದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ.

ದೊಡ್ಡ ಯೋಜನೆಗಳಲ್ಲಿ ಕಥೆ ಬೇರೆಯಾಗುವುದು ಇದೇ ಕಾರಣಕ್ಕೆ. ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಗೆ, ಅಂದರೆ ಎಲ್ಲರೂ ನೈಸ್ ರಸ್ತೆಯೆಂದು ಕರೆಯುವುದಕ್ಕೆ, 1997ರ ಏಪ್ರಿಲ್ 3ರಂದು ಆದ ಚೌಕಟ್ಟು ಒಪ್ಪಂದದಲ್ಲಿ ಒಟ್ಟು 20,193 ಎಕರೆ ಜಮೀನಿನ ಮಾತಿತ್ತು. ಅದರಲ್ಲಿ 6,956 ಎಕರೆ ಸರ್ಕಾರಿ ಜಮೀನು. ಅಷ್ಟು ಭೂಮಿ ಬೇಕಿತ್ತೇ, ಹೆಚ್ಚಾಯಿತೇ ಎಂಬ ಜಗಳ ವಿಧಾನಸಭೆಯ ಒಳಗೂ ಹೊರಗೂ ನಡೆದಿದೆ, ಇನ್ನೂ ಮುಗಿದಿಲ್ಲ. ಆದರೆ 2006ರ ಏಪ್ರಿಲ್ 20ರಂದು ಸುಪ್ರೀಂ ಕೋರ್ಟ್ ರಾಜ್ಯ ಸರ್ಕಾರದ ಆಕ್ಷೇಪಗಳನ್ನು ತಳ್ಳಿಹಾಕಿ ಯೋಜನೆಯನ್ನು ಎತ್ತಿಹಿಡಿದಾಗ ಕಂಪನಿಯ ಕೈಯಲ್ಲಿ ಸರ್ಕಾರವೇ ಮಾಡಿಕೊಂಡ ಒಪ್ಪಂದವಿತ್ತು, ಹೈಕೋರ್ಟು ಅದನ್ನು ಹಿಂದೆಯೇ ಒಪ್ಪಿದ ತೀರ್ಪಿತ್ತು. ಸುಮಾರು ಏಳು ಸಾವಿರ ಎಕರೆಗೆ ಕಾಗದ ಗಟ್ಟಿ. ಎರಡೂ ಕಾಲು ಎಕರೆಗೆ 'ತೋರಿಸಲಾಗಿದೆ'. ದೊಡ್ಡವರಿಗೆ ಕಾನೂನು ಅನುಕೂಲವೆಂದು ಹೇಳಲು ಇದನ್ನು ಎತ್ತುತ್ತಿಲ್ಲ. ದೊಡ್ಡವರು ಜಮೀನಿಗಾಗಿಯೇ ಒಪ್ಪಂದ ಬರೆಸಿಕೊಳ್ಳುತ್ತಾರೆ, ಸಣ್ಣ ಗುತ್ತಿಗೆದಾರರು ಬಿಲ್ಲಿಗಾಗಿ ಮಾತ್ರ ಬರೆಸಿಕೊಳ್ಳುತ್ತಾರೆ.

ರಸ್ತೆ ಹದಿನೆಂಟು ತಿಂಗಳಲ್ಲಿ ಮುಗಿಯಲಿಲ್ಲ. ಎರಡನೆಯ ವರ್ಷದ ಬೇಸಿಗೆಯಲ್ಲಿ ಊರಿನ ಕುರಿಗಾಹಿಗಳು ತಹಶೀಲ್ದಾರರಿಗೆ ಅರ್ಜಿ ಕೊಟ್ಟರು. ಮಿಕ್ಸರ್ ತೊಳೆದ ಸಿಮೆಂಟಿನ ನೀರು ಇಳಿಜಾರಿನಲ್ಲಿ ಹರಿದು, ಗಟ್ಟಿಯಾಗಿ, ಹುಲ್ಲು ಹುಟ್ಟುವ ನೆಲವೆಲ್ಲ ಬೂದು ಹಪ್ಪಳದಂತೆ ಆಗಿತ್ತು. ನಾನು ಮೊದಲ ಸಲ ಸ್ಥಳಕ್ಕೆ ಹೋದಾಗ ಒಬ್ಬ ವೃದ್ಧೆ ಅದರ ಒಂದು ಚಕ್ಕೆಯನ್ನು ಎತ್ತಿ ನನ್ನ ಕೈಗಿಟ್ಟು, 'ಮುಟ್ಟಿ ನೋಡಿ ಸ್ವಾಮಿ, ಕುರಿ ಕಾಲು ಕುಯ್ಯೋ ಹಂಗೈತೆ' ಎಂದರು. ಅಂಚು ನಿಜವಾಗಿಯೂ ಕುಯ್ಯುವಂತಿತ್ತು. ಅದನ್ನು ಎಲ್ಲಿ ಇಡುವುದೆಂದು ತಿಳಿಯದೆ ಕೋಟಿನ ಜೇಬಿಗೆ ಹಾಕಿಕೊಂಡು ಬಂದೆ.

ಭೂ ಕಂದಾಯ ಕಾಯ್ದೆಯ 94ನೇ ಕಲಮಿನಡಿ ನೋಟಿಸು ಬಂದದ್ದು ಇದಾದ ಮೇಲೆ. ಈ ಕಲಂ ನೋಡಲು ಸಾಧು, ಹಲ್ಲು ಹರಿತ. ಸರ್ಕಾರಿ ಜಮೀನನ್ನು ಅನಧಿಕೃತವಾಗಿ ಹಿಡಿದಿಟ್ಟುಕೊಂಡವರನ್ನು ಸಂಕ್ಷಿಪ್ತ ವಿಚಾರಣೆಯಲ್ಲಿಯೇ ತೆರವುಗೊಳಿಸಬಹುದು, ದಂಡ ಹಾಕಬಹುದು, ಗಡುವಿನೊಳಗೆ ತೆಗೆಯದಿದ್ದ ಕಟ್ಟಡವನ್ನಷ್ಟೇ ಅಲ್ಲದೆ ಆ ನೆಲದ ಮೇಲೆ ಇರಿಸಿದ ಯಾವುದೇ ವಸ್ತುವನ್ನೂ ಮುಟ್ಟುಗೋಲು ಹಾಕಿಕೊಳ್ಳಬಹುದು. 'ಇರಿಸಿದ ವಸ್ತು' ಎಂಬುದನ್ನು ಓದಿದಾಗ ನನ್ನ ಕಕ್ಷಿದಾರರ ಮುಖ ಬಿಳಿಚಿಕೊಂಡಿತು. ಬ್ಯಾಚಿಂಗ್ ಪ್ಲಾಂಟಿನ ಮೇಲೆ ಫೈನಾನ್ಸ್ ಕಂಪನಿಯ ಸಾಲವಿತ್ತು, ಕಂತುಗಳು ನಡೆಯುತ್ತಿದ್ದವು, ಒಡೆತನ ಪೂರ್ತಿ ಅವರದೇ ಆಗಿರಲಿಲ್ಲ. ನೋಟಿಸಿನಲ್ಲಿ 192-ಎ ಕಲಮಿನ ಉಲ್ಲೇಖವೂ ಇತ್ತು. ಅದು ಕ್ರಿಮಿನಲ್ ಮೊಕದ್ದಮೆಯ ದಾರಿ. ಇದರ ಜೊತೆಗೆ 2011ರ ಭೂಕಬಳಿಕೆ ನಿಷೇಧ ಕಾಯ್ದೆಯೂ, ಅದಕ್ಕಾಗಿ ಬೆಂಗಳೂರಿನಲ್ಲಿ ಸ್ಥಾಪಿಸಿದ ವಿಶೇಷ ನ್ಯಾಯಾಲಯವೂ ಇವೆ. ಸರ್ಕಾರದ್ದೇ ರಸ್ತೆ ಹಾಕುತ್ತಿರುವ ಮನುಷ್ಯನನ್ನು ಸರ್ಕಾರವೇ ಭೂಗಳ್ಳನೆಂದು ಕರೆಯುವುದು ವಿಚಿತ್ರವೆನ್ನಿಸಬಹುದು. ರಸ್ತೆ ಇಲಾಖೆ ಆಗ ಏನು ಮಾಡಿತೆಂದರೆ, ತಹಶೀಲ್ದಾರರ ಪತ್ರಕ್ಕೆ ಉತ್ತರವಾಗಿ, 'ಕ್ಯಾಂಪಿನ ಜಾಗವನ್ನು ಗುತ್ತಿಗೆದಾರರೇ ಸ್ವಂತ ವೆಚ್ಚದಲ್ಲಿ ಹೊಂದಿಸಿಕೊಳ್ಳತಕ್ಕದ್ದು' ಎಂಬ ಟೆಂಡರಿನ ಷರತ್ತನ್ನು ನಕಲು ಮಾಡಿ ಕಳುಹಿಸಿ ಕೈ ತೊಳೆದುಕೊಂಡಿತು. ಆ ಷರತ್ತು ಟೆಂಡರಿನಲ್ಲಿ ಇದ್ದದ್ದು ನಿಜ. ಬಹುತೇಕ ಎಲ್ಲ ಟೆಂಡರುಗಳಲ್ಲೂ ಅದು ಇರುತ್ತದೆ.

ನಾನು ಸಿವಿಲ್ ದಾವೆ ಹೂಡಿದೆ. ಸರ್ಕಾರದ ಮೇಲೆ ದಾವೆ ಹೂಡುವ ಮುನ್ನ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಎರಡು ತಿಂಗಳ ನೋಟಿಸು ಕೊಡಬೇಕು. ಅಷ್ಟು ಕಾಯುವಂತಿರಲಿಲ್ಲವಾಗಿ ನ್ಯಾಯಾಲಯದ ಅನುಮತಿ ಬೇಡಿದೆ, ಸಿಕ್ಕಿತು. ತಾತ್ಕಾಲಿಕ ತಡೆಯಾಜ್ಞೆಗೆ ನಾನು ಮಂಡಿಸಿದ ಮೊದಲ ವಾದ 2018ರ ತಿದ್ದುಪಡಿಯಿಂದ ಸ್ಪೆಸಿಫಿಕ್ ರಿಲೀಫ್ ಕಾಯ್ದೆಗೆ ಸೇರಿದ 20-ಎ ಮತ್ತು 41(ಎಚ್‌ಎ) ಕಲಮುಗಳನ್ನು ಆಧರಿಸಿತ್ತು. ಮೂಲಸೌಕರ್ಯ ಯೋಜನೆಯ ಪ್ರಗತಿಗೆ ತಡೆಯಾಗುವಂತಹ ಪ್ರತಿಬಂಧಕಾಜ್ಞೆಯನ್ನು, ಅಂದರೆ ತಡೆಯಾಜ್ಞೆಯನ್ನು, ನ್ಯಾಯಾಲಯಗಳು ಕೊಡಬಾರದೆಂಬುದು ಅವುಗಳ ಆಶಯ. ನ್ಯಾಯಾಲಯವೇ ತಡೆಯಬಾರದಾದ ರಸ್ತೆಯನ್ನು ತಹಶೀಲ್ದಾರರು ಪ್ಲಾಂಟ್ ಮುಚ್ಚಿಸುವ ಮೂಲಕ ತಡೆಯಬಹುದೇ ಎಂದು ಕೇಳಿದೆ. ಕೇಳುವಾಗ ನನಗೆ ಬಹಳ ಚೆಂದದ ವಾದವೆನ್ನಿಸಿತ್ತು. ನ್ಯಾಯಾಧೀಶರು ಒಂದೇ ಮಾತಿನಲ್ಲಿ ಅದನ್ನು ಬದಿಗಿಟ್ಟರು: ಆ ಕಲಮುಗಳು ಪ್ರತಿಬಂಧಕಾಜ್ಞೆ ಕೊಡಬೇಡಿ ಎನ್ನುತ್ತವೆ, ನೀವು ಅವನ್ನು ತೋರಿಸಿ ಪ್ರತಿಬಂಧಕಾಜ್ಞೆಯನ್ನೇ ಕೇಳುತ್ತಿದ್ದೀರಿ.

ಎರಡನೆಯ ವಾದ ಈಸ್‌ಮೆಂಟ್ಸ್ ಕಾಯ್ದೆಯ 60ನೇ ಕಲಮಿನದು. ಲೈಸೆನ್ಸ್ ನಂಬಿ ಖರ್ಚು ಮಾಡಿ ಶಾಶ್ವತ ಸ್ವರೂಪದ ನಿರ್ಮಾಣ ಮಾಡಿದ್ದರೆ ಆ ಲೈಸೆನ್ಸನ್ನು ಹಿಂಪಡೆಯಲಾಗದು. ಸೈಲೊ ನಿಲ್ಲಿಸಲು ಹಾಕಿದ ದಪ್ಪ ಕಾಂಕ್ರೀಟ್ ಹಾಸು ಶಾಶ್ವತವಲ್ಲವೇ ಎಂದೆ. ಖರ್ಚಿನ ಪುರಾವೆಯಾಗಿ ನಾವೇ ಹಾಜರುಪಡಿಸಿದ್ದ ಕಂಪನಿಯ ಇನ್‌ವಾಯ್ಸಿನಲ್ಲಿ 'ಮೊಬೈಲ್ ಬ್ಯಾಚಿಂಗ್ ಪ್ಲಾಂಟ್' ಎಂದು ದಪ್ಪಕ್ಷರದಲ್ಲಿ ಅಚ್ಚಾಗಿತ್ತು. ಸರ್ಕಾರಿ ವಕೀಲರು ಅದನ್ನು ಓದಿ ಏನೂ ಹೇಳದೆ ಕುಳಿತುಕೊಂಡರು, ಹೇಳುವ ಅಗತ್ಯವಿರಲಿಲ್ಲ. ಅಷ್ಟಕ್ಕೂ ಆ ವಾದ ಗೆದ್ದಿದ್ದರೆ ಗೋಮಾಳ ಎಂದೆಂದಿಗೂ ಹೋಗುತ್ತಿತ್ತು, ಅದನ್ನು ನನ್ನ ಕಕ್ಷಿದಾರರು ಬಯಸಿರಲೂ ಇಲ್ಲ. ಊರಿನಲ್ಲಿ ಮಾತ್ರ 'ಇವರು ಜಾಗ ನುಂಗೋಕೇ ಬಂದವರು' ಎಂಬ ಸುದ್ದಿ ಬಲವಾಗಿತ್ತು. ಸರ್ಕಾರದ ವಿರುದ್ಧ ಪ್ರತಿಕೂಲ ಸ್ವಾಧೀನ, ಅಂದರೆ ಅನುಮತಿಯಿಲ್ಲದೆ ದೀರ್ಘಕಾಲ ಹಿಡಿದಿಟ್ಟುಕೊಂಡ ನೆಲದ ಮೇಲೆ ಬರುವ ಹಕ್ಕು, ಸಾಧಿಸಲು ಮೂವತ್ತು ವರ್ಷ ಬೇಕು. ಅನುಮತಿ ಪಡೆದು ಬಂದೆವೆಂದು ಹೇಳಿಕೊಳ್ಳುವವರಿಗೆ ನೂರು ವರ್ಷ ಕಳೆದರೂ ಅದು ಒದಗುವುದಿಲ್ಲ. ಇದನ್ನು ಚಾವಡಿಯಲ್ಲಿ ವಿವರಿಸಲು ಹೋಗಿ ನಾನು ಅನುಮಾನವನ್ನು ಹೆಚ್ಚಿಸಿಯೇ ಬಂದೆ.

ಇಷ್ಟರಲ್ಲಿ ಇನ್ನೊಂದು ಗುಂಡಿ ಬಾಯಿ ತೆರೆಯಿತು, ಅಕ್ಷರಶಃ ಗುಂಡಿಯೇ. ಗೋಮಾಳದ ಮೂಲೆಯಲ್ಲಿ ರಸ್ತೆಯ ಏರಿಗೆ ಬೇಕಾದ ಗ್ರಾವೆಲ್ ತೆಗೆದಿದ್ದರು. ಹಿಟಾಚಿಯ ಹಲ್ಲಿನ ಗೆರೆಗಳು ಗೋಡೆಯ ಮೇಲೆ ಬಾಚಿದಂತೆ ಉಳಿದಿದ್ದವು, ತಳದಲ್ಲಿ ಹಳದಿ ನೀರು ನಿಂತಿತ್ತು. ಮಣ್ಣು ಎಂದರೆ ಬರೀ ಮಣ್ಣು ಎಂದು ತಿಳಿಯುವವರಿಗೆ ತಿಳಿದಿರಬೇಕಾದ ಸಂಗತಿಯೆಂದರೆ, ಏರಿ, ರಸ್ತೆ, ರೈಲು ಹಳಿ, ಕಟ್ಟಡಗಳಿಗೆ ತುಂಬಲು ಅಥವಾ ಮಟ್ಟ ಮಾಡಲು ಬಳಸುವ ಸಾಮಾನ್ಯ ಮಣ್ಣು 2000ದ ಫೆಬ್ರವರಿ 3ರ ಕೇಂದ್ರದ ಅಧಿಸೂಚನೆಯಿಂದ ಉಪಖನಿಜವಾಗಿದೆ. ಆದ್ದರಿಂದ ಅದಕ್ಕೆ ಪರವಾನಗಿ ಬೇಕು, ರಾಜಧನ, ಅಂದರೆ ತೆಗೆದ ಖನಿಜಕ್ಕಾಗಿ ಸರ್ಕಾರಕ್ಕೆ ಸಲ್ಲಬೇಕಾದ ಹಣ, ಕಟ್ಟಬೇಕು. ಇಲ್ಲದಿದ್ದರೆ 1957ರ ಗಣಿ ಮತ್ತು ಖನಿಜ ಕಾಯ್ದೆಯ 21(5)ನೇ ಕಲಮಿನಂತೆ ತೆಗೆದ ಮಣ್ಣಿನ ಬೆಲೆಯನ್ನೇ ವಸೂಲು ಮಾಡಬಹುದು. ಪುಣೆಯ ಕಟ್ಟಡ ನಿರ್ಮಾಪಕರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರ ಡಿಸೆಂಬರಿನಲ್ಲಿ ಒಂದು ಮುಖ್ಯವಾದ ಗೆರೆ ಎಳೆಯಿತು: ಪಾಯಕ್ಕಾಗಿ ಅಗೆದ ಮಣ್ಣನ್ನು ಅದೇ ನಿವೇಶನದಲ್ಲಿ ಹರಡಿದ ಮಾತ್ರಕ್ಕೆ ಈ ಅಧಿಸೂಚನೆ ತಾನಾಗಿ ಅನ್ವಯಿಸದು, ಮಣ್ಣು ಯಾವ ಬಳಕೆಗೆ ಹೋಯಿತು ಎಂಬುದನ್ನು ಪ್ರಕರಣದಿಂದ ಪ್ರಕರಣಕ್ಕೆ ನೋಡಬೇಕು. ನಮಗೆ ಅದರಿಂದ ಉಪಯೋಗವಾಗಲಿಲ್ಲ. ನಮ್ಮ ಮಣ್ಣು ಗೋಮಾಳದಿಂದ ಹೊರಟು ಟಿಪ್ಪರ್ ಏರಿ ರಸ್ತೆಯ ಏರಿಗೇ ಹೋಗಿತ್ತು. ಅಧಿಸೂಚನೆಯ ಪದಗಳನ್ನು ನಮಗಾಗಿಯೇ ಬರೆದಂತಿತ್ತು.

ಇಲ್ಲಿ ಒಂದು ಮಾತು ಸೇರಿಸಬೇಕು. 2020ರ ಮಾರ್ಚ್ 28ರಂದು, ಲಾಕ್‌ಡೌನ್ ಶುರುವಾದ ಕೆಲವೇ ದಿನಗಳಲ್ಲಿ, ಕೇಂದ್ರ ಪರಿಸರ ಸಚಿವಾಲಯ ರಸ್ತೆ, ಪೈಪ್‌ಲೈನುಗಳಂತಹ ಉದ್ದಕ್ಕೆ ಸಾಗುವ ಯೋಜನೆಗಳಿಗೆ ಸಾಮಾನ್ಯ ಮಣ್ಣು ತೆಗೆಯಲು ಪೂರ್ವಭಾವಿ ಪರಿಸರ ಅನುಮತಿ ಬೇಡವೆಂದು ವಿನಾಯಿತಿ ಕೊಟ್ಟಿತು. ಗುತ್ತಿಗೆದಾರರ ವಲಯದಲ್ಲಿ ಇದು 'ಮಣ್ಣಿಗೆ ಇನ್ನು ಯಾರ ಪರ್ಮಿಷನ್ನೂ ಬೇಡ' ಎಂಬ ರೂಪ ಪಡೆದು ಹಬ್ಬಿತು; ರಾಜಧನಕ್ಕೂ, ನೆಲದ ಒಡೆತನಕ್ಕೂ ಆ ವಿನಾಯಿತಿಗೂ ಸಂಬಂಧವೇ ಇರಲಿಲ್ಲ. 2024ರ ಮಾರ್ಚ್ 21ರಂದು ಸುಪ್ರೀಂ ಕೋರ್ಟ್ ಆ ವಿನಾಯಿತಿಯನ್ನೇ ರದ್ದುಪಡಿಸಿತು. ಯಾವುದು ಅಂತಹ ಯೋಜನೆ ಎಂಬ ವ್ಯಾಖ್ಯೆಯಿಲ್ಲ, ಎಷ್ಟು ಮಣ್ಣು ಎಂಬ ಮಿತಿಯಿಲ್ಲ, ಎಷ್ಟು ವಿಸ್ತೀರ್ಣ ಎಂಬುದಿಲ್ಲ, ಜನರ ಆಕ್ಷೇಪ ಕೇಳದೆ ಹೊರಡಿಸಲಾಗಿದೆ ಎಂಬವು ನ್ಯಾಯಾಲಯ ಕಂಡ ದೋಷಗಳಲ್ಲಿ ಮುಖ್ಯವಾದವು. ತೀರ್ಪು ಓದುವಾಗ ನನಗೆ ನೆನಪಾದದ್ದು ನಮ್ಮ ಅರ್ಧ ಪುಟದ ಜ್ಞಾಪನ. ಅಲ್ಲೂ ವಿಸ್ತೀರ್ಣವಿಲ್ಲ, ಮಿತಿಯಿಲ್ಲ. ವ್ಯತ್ಯಾಸವೆಂದರೆ ಒಂದು ಭಾರತದ ರಾಜ್ಯಪತ್ರದಲ್ಲಿ ಪ್ರಕಟವಾಗಿತ್ತು, ಇನ್ನೊಂದಕ್ಕೆ ಕಚೇರಿಯಿಂದ ಹೊರಹೋಗುವ ಕಾಗದಕ್ಕೆ ಹಾಕುವ ಜಾವಕ್ ನಂಬರ್ ಸಹ ಸರಿಯಾಗಿರಲಿಲ್ಲ.

ರಾಜಧನದ ಲೆಕ್ಕದಲ್ಲಿ ಕರ್ನಾಟಕದ ಗುತ್ತಿಗೆದಾರರಿಗೆ ದೊರೆತ ಒಂದು ಅನುಕೂಲವನ್ನೂ ಹೇಳಬೇಕು. ಸರ್ಕಾರಿ ನೆಲದಿಂದ ಅಗೆದ ಸಾಮಗ್ರಿಗೆ ರಾಜಧನ ಕಟ್ಟಲೇಬೇಕು, ಆದರೆ ಪೇಟೆಯಲ್ಲಿ ಕೊಂಡ ಜಲ್ಲಿ, ಮರಳಿಗೆ ಬಿಲ್ಲಿನಲ್ಲಿ ಮತ್ತೆ ರಾಜಧನ ಕಡಿತ ಮಾಡುವುದು ಸರಿಯಲ್ಲ ಎಂಬ ಅಳತೆಯನ್ನು ನಮ್ಮ ಹೈಕೋರ್ಟು ಇಟ್ಟಿದೆ. ಆದರೂ ಇಲಾಖೆಗಳು ಖನಿಜ ಸಾಗಣೆ ಪರವಾನಗಿಯ ಚೀಟಿ ಇಲ್ಲದಿದ್ದರೆ ಎಲ್ಲದರ ಮೇಲೂ ಕಡಿತ ಹಾಕುತ್ತವೆ. ಗ್ರಾವೆಲ್ ಕದ್ದವರೂ ಜಲ್ಲಿ ಕೊಂಡವರೂ ಬಿಲ್ಲಿನಲ್ಲಿ ಒಂದೇ ಆಗುತ್ತಾರೆ; ಹೀಗಾದಾಗ ಕೊಳ್ಳುವುದಕ್ಕಿಂತ ಅಗೆಯುವುದೇ ಲಾಭವೆಂದು ಯಾರಿಗಾದರೂ ಅನ್ನಿಸದಿರದು.

ಗುತ್ತಿಗೆದಾರರ ಕಡೆಯ ದೂರು ಸಣ್ಣದಲ್ಲ. ಹೆದ್ದಾರಿ ಪ್ರಾಧಿಕಾರದ ಹೈಬ್ರಿಡ್ ಆನ್ಯುಟಿ ಮಾದರಿಯ (ವೆಚ್ಚದ ಒಂದು ಪಾಲನ್ನು ಕೆಲಸ ನಡೆಯುವಾಗ, ಉಳಿದದ್ದನ್ನು ಆಮೇಲೆ ಕಂತುಗಳಲ್ಲಿ ಕೊಡುವ) ಕರಾರಿನಲ್ಲಿ ಶೇ. 80ರಷ್ಟು ರಸ್ತೆ ಪಟ್ಟಿಯನ್ನು ಒದಗಿಸಿದ ಮೇಲೆಯೇ ಕಾಲಗಣನೆ ಶುರುವಾಗುವಂತಹ ವ್ಯವಸ್ಥೆಯಾದರೂ ಇದೆ. ರಾಜ್ಯದ ಸಣ್ಣ ಕಾಮಗಾರಿಗಳಲ್ಲಿ ರಸ್ತೆಯ ಅರ್ಧ ಭಾಗದಲ್ಲಿ ವಿದ್ಯುತ್ ಕಂಬ, ಇನ್ನರ್ಧದಲ್ಲಿ ಪರಿಹಾರ ಸಿಗದ ರೈತರ ತೆಂಗಿನ ಮರಗಳಿರುವಾಗಲೇ ಸೈಟ್ ಹಸ್ತಾಂತರವಾಯಿತೆಂದು ಬರೆದುಕೊಳ್ಳಲಾಗುತ್ತದೆ. ನಮ್ಮ ಕಾಮಗಾರಿ ಮೂರು ವರ್ಷ ಎಳೆದದ್ದಕ್ಕೆ ಮುಖ್ಯ ಕಾರಣ ಇದೇ. ಅಂದರೆ ಗೋಮಾಳದ ಮೇಲೆ ಪ್ಲಾಂಟ್ ಹೆಚ್ಚುವರಿಯಾಗಿ ಹದಿನೆಂಟು ತಿಂಗಳು ನಿಂತದ್ದರಲ್ಲಿ, ರಸ್ತೆಗೆ ಕೊಡಬೇಕಾದ ನೆಲವನ್ನು ಸರ್ಕಾರ ಕೊಡದೇ ಹೋದದ್ದೂ ಸೇರಿದೆ. ಒಂದು ನೆಲ ಸಿಗದ್ದರಿಂದ ಇನ್ನೊಂದು ನೆಲ ಬಿಡಲಾಗಲಿಲ್ಲ. ಈ ಅಂಶ ದಂಡದ ಮೊತ್ತ ಇಳಿಯುವುದಕ್ಕೆ ಸಹಾಯವಾಯಿತು; ಒತ್ತುವರಿ ಒತ್ತುವರಿಯೇ ಅಲ್ಲವೆನ್ನುವಷ್ಟು ಸಹಾಯವಾಗಲಿಲ್ಲ.

ಶೆಡ್ಡುಗಳ ವಿಷಯದಲ್ಲಿ ಕಾನೂನು ಎಲ್ಲಕ್ಕಿಂತ ಸ್ಪಷ್ಟವಾಗಿತ್ತು, ಅದನ್ನೇ ಯಾರೂ ಎತ್ತಲಿಲ್ಲ. ಆಗ ಜಾರಿಯಲ್ಲಿದ್ದ 1996ರ ಕಟ್ಟಡ ಕಾರ್ಮಿಕರ ಕಾಯ್ದೆಯ 34ನೇ ಕಲಂ, ಕಾರ್ಮಿಕರಿಗೆ ಕೆಲಸದ ಜಾಗದಲ್ಲಿ ಅಥವಾ ಅದರ ಸಮೀಪ ಉಚಿತವಾಗಿ ತಾತ್ಕಾಲಿಕ ವಸತಿ ಕೊಡುವುದು ಮಾಲೀಕರ ಕರ್ತವ್ಯವೆನ್ನುತ್ತಿತ್ತು. ಕೆಲಸ ಮುಗಿದ ಮೇಲೆ ಅದನ್ನು ಕಿತ್ತು ನೆಲವನ್ನು ಮಟ್ಟವಾಗಿ, ಶುಚಿಯಾಗಿ ಮಾಡಬೇಕೆಂದೂ, ಸ್ಥಳೀಯ ಸಂಸ್ಥೆ ಅದಕ್ಕಾಗಿ ಜಾಗ ಕೊಟ್ಟಿದ್ದರೆ ಪಡೆದ ಸ್ಥಿತಿಯಲ್ಲಿಯೇ ಹಿಂತಿರುಗಿಸಬೇಕೆಂದೂ ಹೇಳುತ್ತಿತ್ತು. ರಾಯಚೂರು ಕಡೆಯಿಂದಲೂ ಒಡಿಶಾದಿಂದಲೂ ಬಂದಿದ್ದ ಆ ನಲವತ್ತು ಮಂದಿ ತೆರವಿನ ಆದೇಶದ ಮರುವಾರವೇ ಬೇರೆ ಸೈಟಿಗೆ ಹೋದರು. ನಾಲ್ಕು ವರ್ಷದ ಕಡತದಲ್ಲಿ ಅವರ ಬಗ್ಗೆ ಇರುವುದು 'ಶೆಡ್ಡುಗಳು' ಎಂಬ ಪದ ಮಾತ್ರ.

ತಹಶೀಲ್ದಾರರ ತೆರವು ಆದೇಶ 2011ರ ಜಗ್‌ಪಾಲ್ ಸಿಂಗ್ ತೀರ್ಪಿನ ಮೇಲೆ ನಿಂತಿತ್ತು. ಪಟಿಯಾಲ ಜಿಲ್ಲೆಯ ಹಳ್ಳಿಯೊಂದರ ಕೆರೆಯನ್ನು ತುಂಬಿ ಮನೆ ಕಟ್ಟಿಕೊಂಡವರನ್ನು ತೆರವುಗೊಳಿಸಬೇಕೆಂದ ಸುಪ್ರೀಂ ಕೋರ್ಟ್, ಹಳ್ಳಿಗಳ ಸಾಮುದಾಯಿಕ ಜಮೀನಿನ ಒತ್ತುವರಿಗಳನ್ನು ಎಲ್ಲ ರಾಜ್ಯಗಳೂ ಬಿಡಿಸಿಕೊಡಬೇಕೆಂದು ಆಜ್ಞಾಪಿಸಿದ ತೀರ್ಪು ಅದು. ಸಕ್ರಮಕ್ಕೆ ಅದರಲ್ಲಿ ಇಟ್ಟ ಕಿಂಡಿ ಬಹಳ ಸಣ್ಣದು: ಭೂರಹಿತ ಕೂಲಿಕಾರರಿಗೋ ಪರಿಶಿಷ್ಟರಿಗೋ ಸರ್ಕಾರವೇ ಅಧಿಸೂಚನೆಯಂತೆ ಕೊಟ್ಟದ್ದಾಗಿರಬೇಕು, ಅಥವಾ ಅಲ್ಲಿ ಆಗಲೇ ಶಾಲೆ, ಆಸ್ಪತ್ರೆಯಂತಹ ಸಾರ್ವಜನಿಕ ಉಪಯೋಗದ್ದು ಏನಾದರೂ ಇರಬೇಕು. ಮೇಲ್ಮನವಿಯಲ್ಲಿ ನಾವು ಗೆಲ್ಲುವ ಆಸೆ ಬಿಟ್ಟು ಸಮಯ ಕೇಳಿದೆವು. ಲೈಸೆನ್ಸ್ ಮುಗಿದವರಿಗೂ ತಮ್ಮ ಸಾಮಾನು ಎತ್ತಿಕೊಂಡು ಹೋಗಲು ಯುಕ್ತ ಕಾಲ ಕೊಡಬೇಕೆಂಬ ಈಸ್‌ಮೆಂಟ್ಸ್ ಕಾಯ್ದೆಯ 63ನೇ ಕಲಂ ನಮ್ಮ ಕೈಹಿಡಿದ ಏಕೈಕ ಕಲಂ. ತೊಂಬತ್ತು ದಿನ ಸಿಕ್ಕಿತು. ಗ್ರಾವೆಲಿನ ಬೆಲೆ, ದಂಡ ಎರಡನ್ನೂ ಕಟ್ಟಿ, ಪ್ಲಾಂಟನ್ನು ಬಿಚ್ಚಿ ಲಾರಿಗೇರಿಸಿದರು. ಗುಂಡಿ ಮುಚ್ಚಿದರು. ಭದ್ರತಾ ಠೇವಣಿ ಮಾತ್ರ ಇಲಾಖೆಯಲ್ಲೇ ಉಳಿಯಿತು. ಕೇಂದ್ರ ಲೋಕೋಪಯೋಗಿ ಇಲಾಖೆಯ ಸಾಮಾನ್ಯ ಷರತ್ತುಗಳ 8ನೇ ಕಲಂ ಶೆಡ್ಡು, ಕಸ, ಉಳಿಕೆ ಸಾಮಗ್ರಿಯನ್ನೆಲ್ಲ ತೆಗೆಯುವವರೆಗೆ ಕೆಲಸ ಮುಗಿಯಿತೆಂದು ದೃಢೀಕರಿಸಬಾರದೆನ್ನುತ್ತದೆ. ನಮ್ಮ ಕರಾರಿನಲ್ಲೂ ಅಂತಹುದೇ ಷರತ್ತಿತ್ತು, ಸೈಲೊ ನಿಂತಿದ್ದ ಕಾಂಕ್ರೀಟ್ ಹಾಸು ಇನ್ನೂ ಅಲ್ಲೇ ಇತ್ತು.

ಅದನ್ನು ಒಡೆಯಲು ಬ್ರೇಕರ್ ಕೂರಿಸಿದ ಜೆಸಿಬಿ ಬಂದ ದಿನ ನಾನೂ ಹೋಗಿದ್ದೆ. ಊರಿನವರು ಹಾಸಿನ ಸುತ್ತ ನಿಂತಿದ್ದರು. ಮೇಲೆ ಹುರುಳಿ ಹರವಿತ್ತು. ಹಿಂದೆಲ್ಲ ಒಕ್ಕಣೆಗೆ ಅವರು ಹಳೆಯ ರಸ್ತೆಯನ್ನೇ ಬಳಸುತ್ತಿದ್ದರು, ಬಸ್ಸು ಲಾರಿಗಳು ತುಳಿದು ಕಾಳು ಉದುರಿಸಿಕೊಡುತ್ತಿದ್ದವು. ಅಗಲವಾದ ಹೊಸ ರಸ್ತೆಯಲ್ಲಿ ವಾಹನಗಳ ವೇಗಕ್ಕೆ ಹೆದರಿ ಯಾರೂ ಹರವುವುದಿಲ್ಲ, ಪೊಲೀಸರೂ ಬಿಡುವುದಿಲ್ಲ. ಕಣವಿಲ್ಲದ ಊರಿಗೆ ಸೈಲೊದ ಹಾಸು ಕಣವಾಗಿತ್ತು. ಮೊದಲ ಭೇಟಿಯಲ್ಲಿ ಚಕ್ಕೆ ಕೊಟ್ಟಿದ್ದ ಅದೇ ವೃದ್ಧೆ, 'ಇದೊಂದು ಬಿಟ್ಟೋಗ್ಲಿ ಸ್ವಾಮಿ, ಮಿಕ್ಕಿದ್ದೆಲ್ಲ ಎತ್ಕೊಂಡೋಗ್ಲಿ' ಎಂದರು. ಪಂಚಾಯಿತಿ ಸದಸ್ಯರೊಬ್ಬರು ನನ್ನನ್ನು ಪಕ್ಕಕ್ಕೆ ಕರೆದು, ಕಣವೂ ಸಾರ್ವಜನಿಕ ಉಪಯೋಗದ್ದೇ ಅಲ್ಲವೇ, ಆ ಪಂಜಾಬಿನ ತೀರ್ಪಿನೊಳಗೆ ಇದನ್ನು ಸೇರಿಸಲು ಬರುವುದಿಲ್ಲವೇ ಎಂದು ಕೇಳಿದರು. ನಾಲ್ಕು ವರ್ಷದಲ್ಲಿ ಈ ಪ್ರಕರಣದಲ್ಲಿ ನಾನು ಕೇಳಿದ ಅತ್ಯಂತ ಒಳ್ಳೆಯ ವಾದ ಅದೇ, ಅದನ್ನು ಮಂಡಿಸುವುದಕ್ಕೆ ಅಲ್ಲಿ ನ್ಯಾಯಾಲಯವಿರಲಿಲ್ಲ.

ಕಂದಾಯ ನಿರೀಕ್ಷಕರು ಬಹಳ ಹೊತ್ತು ಯೋಚಿಸಿದರು. ಹಾಸನ್ನು ಉಳಿಸಲು ಅವರಿಗೆ ಅಧಿಕಾರವಿಲ್ಲ. ಉಳಿಸಿದೆನೆಂದು ಬರೆದರೆ ಗೋಮಾಳದಲ್ಲಿ ಒತ್ತುವರಿ ಇದೆಯೆಂದು ಅವರೇ ಬರೆದುಕೊಟ್ಟಂತೆ, ಒಡೆಸಿದರೆ ಊರು ಎದುರು ಬೀಳುತ್ತದೆ. ಕೊನೆಗೆ ಬಾನೆಟ್ಟಿನ ಮೇಲೆ ಹಾಳೆಯಿಟ್ಟು ಮಹಜರು ಬರೆದರು. ಪ್ಲಾಂಟ್, ಶೆಡ್, ಸಾಮಗ್ರಿ ತೆರವಾಗಿದೆ, ಗುಂಡಿ ಮುಚ್ಚಿದೆ ಎಂದು ಒಂದೊಂದಾಗಿ ದಾಖಲಿಸಿ, ಹಾಸಿನ ಬಗ್ಗೆ ಬರೆಯುವಾಗ ಪೆನ್ನು ನಿಲ್ಲಿಸಿ ನನ್ನ ಮುಖ ನೋಡಿದರು. ನಾನು ಬೇರೆ ಕಡೆ ನೋಡಿದೆ. ಪಂಚರು ಸಹಿ ಮಾಡಿದ ಮೇಲೆ ಪ್ರತಿ ಪಡೆದು ಓದಿದೆ: 'ಸದರಿ ಜಾಗದಲ್ಲಿ ಗ್ರಾಮಸ್ಥರ ಹಳೆಯ ಕಣವನ್ನು ಸ್ಥಳದಲ್ಲಿ ತೋರಿಸಲಾಗಿದೆ.' ಠೇವಣಿ ಏಳು ತಿಂಗಳ ನಂತರ ಬಿಡುಗಡೆಯಾಯಿತು.